ದೃಷ್ಟಿಯೇ ಸೃಷ್ಟಿಯೆ? ಬಿಸಿಲ್ಗುದುರೆ, ಹಗ್ಗದ ಹಾವು ಮತ್ತು ಕ್ವಾಂಟಮ್ ಭೌತವಿಜ್ಞಾನ

ನೋಡುವವನಿಲ್ಲದೆ ಜಗತ್ತಿಲ್ಲ, ಇದನ್ನು ಕ್ವಾಂಟಮ್ ಭೌತವಿಜ್ಞಾನವೇ ಸಾಧಿಸಿ ತೋರಿಸಿದೆ ಎಂಬ ಮಾತು ಉಪನ್ಯಾಸ ವೇದಿಕೆಗಳಲ್ಲಿಯೂ ಜನಪ್ರಿಯ ಪುಸ್ತಕಗಳಲ್ಲಿಯೂ ಧಾರಾಳವಾಗಿ ಕೇಳಿಬರುತ್ತದೆ. 2006ರಲ್ಲಿ ಬಂದ ರೋಂಡಾ ಬರ್ನ್ ಅವರ 'ದಿ ಸೀಕ್ರೆಟ್' ಪುಸ್ತಕವು, ನಾವು ಏನನ್ನು ಯೋಚಿಸುತ್ತೇವೆಯೋ ಅದೇ ನಮ್ಮ ಬಳಿ ಬರುತ್ತದೆ ಎಂದು ಹೇಳಿ, ಅದಕ್ಕೆ ಕ್ವಾಂಟಮ್‌ನ ಹೆಸರನ್ನೂ ಬಳಸಿಕೊಂಡಿತು. ನಮ್ಮಲ್ಲಿ ಇದರ ಜೊತೆಗೆ ವೇದಾಂತವೂ ಸೇರಿಕೊಳ್ಳುತ್ತದೆ. ತರಗತಿಯಲ್ಲಿ ವಿದ್ಯಾರ್ಥಿ ಈ ಪ್ರಶ್ನೆ ಎತ್ತಿದಾಗ ಶಿಕ್ಷಕರು ನಕ್ಕು ಮುಂದೆ ಸಾಗುವುದು ಸರಿಯಲ್ಲ. ತಲೆದೂಗುವುದಂತೂ ಇನ್ನೂ ಅಪಾಯ.

ಮೊದಲು ವೇದಾಂತದ ಪಾಲನ್ನು ನೋಡೋಣ. ಅದ್ವೈತದಲ್ಲಿ 'ದೃಷ್ಟಿಸೃಷ್ಟಿವಾದ' ಎಂಬ ಒಂದು ಕವಲು ನಿಜಕ್ಕೂ ಇದೆ. 16ನೇ ಶತಮಾನದ ಪ್ರಕಾಶಾನಂದರ 'ವೇದಾಂತಸಿದ್ಧಾಂತಮುಕ್ತಾವಳಿ' ಅದರ ಪ್ರಸಿದ್ಧ ಗ್ರಂಥ. ಕಾಣುವುದೇ ಇರುವುದು, ಕಾಣದಿದ್ದಾಗ ವಸ್ತುವಿಲ್ಲ ಎಂಬುದು ಅದರ ಸಾರ. ಆದರೆ ಇದೇ ಇಡೀ ಅದ್ವೈತದ ಮಾತೆಂದು ಹೇಳುವವರು ಶಂಕರರ ಬ್ರಹ್ಮಸೂತ್ರ ಭಾಷ್ಯದ ಎರಡನೆಯ ಅಧ್ಯಾಯವನ್ನು ತೆರೆದಿರಲಾರರು. ಹೊರಗಿನ ವಸ್ತುವೇ ಇಲ್ಲ, ಇರುವುದು ವಿಜ್ಞಾನವೊಂದೇ ಎಂಬ ಬೌದ್ಧ ವಿಜ್ಞಾನವಾದವನ್ನು ಶಂಕರರು ಅಲ್ಲಿ ಖಂಡಿಸುತ್ತಾರೆ. ಕಂಬ, ಗೋಡೆಗಳು ನಮ್ಮ ಅರಿವಿಗೆ ಹೊರಗಿನವುಗಳಾಗಿಯೇ ತೋರುತ್ತವೆ, ಎಚ್ಚರದ ಅನುಭವವನ್ನು ಕನಸಿಗೆ ಸಮವೆನ್ನುವಂತಿಲ್ಲ ಎಂಬುದು ಅವರ ವಾದ. ಉಡುಪಿಯ ಮಧ್ವರಂತೂ ಜಗತ್ತು ಸತ್ಯವೆಂಬುದರ ಮೇಲೆಯೇ ತಮ್ಮ ಸಿದ್ಧಾಂತವನ್ನು ಕಟ್ಟಿದರು. ಹಾಗಾಗಿ 'ನಮ್ಮ ಪರಂಪರೆಯೆಲ್ಲ ಹೀಗೆಯೇ ಹೇಳುತ್ತದೆ' ಎಂಬುದು ಪರಂಪರೆಗೂ ಮಾಡುವ ಅನ್ಯಾಯ.

ಈ ಚರ್ಚೆಗಳಲ್ಲಿ ಎರಡು ದೃಷ್ಟಾಂತಗಳು ಯಾವಾಗಲೂ ಜೊತೆಯಾಗಿ ಬರುತ್ತವೆ: ಬಿಸಿಲ್ಗುದುರೆ ಮತ್ತು ಹಗ್ಗದಲ್ಲಿ ಕಂಡ ಹಾವು. ಭೌತವಿಜ್ಞಾನದ ದೃಷ್ಟಿಯಲ್ಲಿ ಇವೆರಡೂ ಬೇರೆ ಜಾತಿಯವು. ಮಲೆ ಮಹದೇಶ್ವರ ಬೆಟ್ಟದಿಂದ ಮೆಟ್ಟೂರಿನ ಕಡೆಗೆ ಇಳಿದರೆ ರಾಜ್ಯದ ಗಡಿಯಲ್ಲಿ ಪಾಲಾರ್ ಸಿಗುತ್ತದೆ. ಏಪ್ರಿಲ್ ತಿಂಗಳ ಮಧ್ಯಾಹ್ನ ಅಲ್ಲಿ ಡಾಂಬರು ರಸ್ತೆಯ ನೇರವಾದ, ಸಮತಟ್ಟಾದ ತುಣುಕೊಂದರ ಮೇಲೆ ನಿಂತಿದ್ದೀರಿ ಎಂದಿಟ್ಟುಕೊಳ್ಳಿ. ಗಾಳಿಯ ಉಷ್ಣತೆ 35 ಡಿಗ್ರಿ, ರಸ್ತೆಗೆ ತಾಗಿದ ಪದರದ್ದು 55 ಡಿಗ್ರಿ ಸೆಲ್ಸಿಯಸ್ ಇರಲಿ. ಗಾಳಿಯ ವಕ್ರೀಭವನ ಸೂಚ್ಯಂಕ ಮೇಲೆ ಸುಮಾರು 1.000260, ಕೆಳಗೆ 1.000244. ವ್ಯತ್ಯಾಸ ಕೇವಲ 0.000016. ಇಷ್ಟಿದ್ದರೆ, ರಸ್ತೆಗೆ ಸುಮಾರು 0.32 ಡಿಗ್ರಿಗಿಂತ ಕಡಿಮೆ ಓರೆಯಲ್ಲಿ ಬರುವ ಬೆಳಕು ಕೆಳಗೆ ತಲಪದೆ ಮೇಲಕ್ಕೆ ಬಾಗುತ್ತದೆ. ಕಣ್ಣು 1.5 ಮೀಟರ್ ಎತ್ತರದಲ್ಲಿದ್ದರೆ ನೀರಿನ ತೋರಿಕೆ ಸುಮಾರು 270 ಮೀಟರ್ ದೂರದಲ್ಲಿ ಆರಂಭವಾಗುತ್ತದೆ. ಕಣ್ಣಿನ ಎತ್ತರ 1 ಮೀಟರ್ ಇರುವ ಮಗುವಿಗೆ ಅದೇ 'ನೀರು' 180 ಮೀಟರ್‌ನಿಂದಲೇ ಕಾಣುತ್ತದೆ! ನೀವು ಮುಂದೆ ಹೋದಂತೆ ಅದೂ ಮುಂದೆ ಹೋಗುವುದು ಕೋನ ಬದಲಾಗದಿರುವುದರಿಂದಲೇ.

ಇಲ್ಲಿ ನೋಡುವವನಿಗೆ ಪಾತ್ರವಿದೆ. ಆದರೆ ಅದು ಅವನ ಕಣ್ಣು ಎಲ್ಲಿದೆ ಎಂಬುದಕ್ಕೆ ಸೇರಿದ್ದು, ಮನಸ್ಸಿನಲ್ಲಿ ಏನಿದೆ ಎಂಬುದಕ್ಕಲ್ಲ. ಅದೇ ಎತ್ತರದಲ್ಲಿ ಕ್ಯಾಮೆರಾ ಇಟ್ಟರೆ ಚಿತ್ರದಲ್ಲಿಯೂ ನೀರು ಮೂಡುತ್ತದೆ. ಹಗ್ಗದ ಹಾವು ಮಾತ್ರ ಯಾವ ಕ್ಯಾಮೆರಾದಲ್ಲೂ ಮೂಡುವುದಿಲ್ಲ. ಅದು ಮಿದುಳಿನ ಊಹೆ.

ಇದನ್ನು ತಿರುಗಿಸಿಯೂ ನೋಡಬಹುದು. ಕಟ್ಟುಹಾವು ರಾತ್ರಿ ಸಂಚರಿಸುವ ಪ್ರಾಣಿ. ನೆಲದ ಮೇಲೆ ಮಲಗಿದವರನ್ನು ಅದು ಕಚ್ಚಿದಾಗ ಅನೇಕ ವೇಳೆ ನೋವೇ ಆಗುವುದಿಲ್ಲ, ಗಾಯವೂ ಎದ್ದು ಕಾಣುವುದಿಲ್ಲ. ಹಾವನ್ನು ಕಂಡವರಿಲ್ಲ, ಕಡಿತವನ್ನು ಅರಿತವರಿಲ್ಲ. ಆದರೂ ವಿಷ ನರ ಮತ್ತು ಸ್ನಾಯು ಕೂಡುವಲ್ಲಿ ಸಂಕೇತಗಳನ್ನು ತಡೆಯುತ್ತದೆ. ರೆಪ್ಪೆಗಳು ಜೋಲುತ್ತವೆ, ಉಸಿರಾಟಕ್ಕೆ ತೊಂದರೆಯಾಗುತ್ತದೆ. ಕಾಡಂಚಿನ ಊರುಗಳ ಮಕ್ಕಳಿಗೆ ಪಾಠ ಹೇಳುವವರು 'ಕಾಣದ್ದು ಇಲ್ಲ' ಎಂಬ ತತ್ತ್ವವನ್ನು ಹಗುರವಾಗಿ ಆಡುವಂತಿಲ್ಲ. ಇಲ್ಲಿ ಬೇಕಾದದ್ದು ತಡಮಾಡದೆ ಆಸ್ಪತ್ರೆ ಮತ್ತು ಪ್ರತಿವಿಷ.

ಇನ್ನು ಕ್ವಾಂಟಮ್ ಪಾಲು. ಈ ಗೊಂದಲವನ್ನು ಹೊರಗಿನವರೇ ಹುಟ್ಟಿಸಿದರು ಎನ್ನುವಂತಿಲ್ಲ. ಯೂಜೀನ್ ವಿಗ್ನರ್ ಅವರಂಥ ಶ್ರೇಷ್ಠ ಭೌತವಿಜ್ಞಾನಿಯೇ 1961ರ ಪ್ರಬಂಧವೊಂದರಲ್ಲಿ, ಮಾಪನ ಪೂರ್ಣವಾಗಲು ಪ್ರಜ್ಞೆ ಬೇಕು ಎಂಬ ನಿಲುವು ತಳೆದರು. ಡೀಟರ್ ತ್ಸೇ ಅವರ 1970ರ ಕೆಲಸವನ್ನು ಪರಿಚಯ ಮಾಡಿಕೊಂಡ ಬಳಿಕ ಅವರು ಆ ನಿಲುವನ್ನು ಬಿಟ್ಟರು. ಜನಪ್ರಿಯ ಪುಸ್ತಕಗಳು 1961ರಲ್ಲಿಯೇ ನಿಂತುಬಿಟ್ಟಿವೆ.

ನನ್ನ ಅಭಿಪ್ರಾಯದಲ್ಲಿ ಈ ವಿಷಯವನ್ನು ಅತ್ಯಂತ ಸ್ಪಷ್ಟವಾಗಿ ತೋರಿಸುವುದು 2004ರಲ್ಲಿ ಪ್ರಕಟವಾದ ವಿಯೆನ್ನಾ ವಿಶ್ವವಿದ್ಯಾಲಯದ ಪ್ರಯೋಗ. 70 ಕಾರ್ಬನ್ ಪರಮಾಣುಗಳ ಫುಲರೀನ್ ಅಣುಗಳು ಸೀಳುಜಾಲಗಳ ಮೂಲಕ ಸಾಗಿ, ಅಲೆಗಳಂತೆ ವ್ಯತಿಕರಣ ಪಟ್ಟಿಗಳನ್ನು ಉಂಟುಮಾಡುತ್ತವೆ. ಲೇಸರ್‌ನಿಂದ ಈ ಅಣುಗಳನ್ನು ಮುಂಚೆಯೇ ಕಾಯಿಸಿದರೆ, ಕಾದ ಕಬ್ಬಿಣದಂತೆ ಅವು ದಾರಿಯಲ್ಲಿ ಬೆಳಕನ್ನು ಸೂಸುತ್ತವೆ. ಆ ಬೆಳಕಿನ ಕಣಗಳು ಅಣು ಎಲ್ಲಿತ್ತು ಎಂಬ ಮಾಹಿತಿಯನ್ನು ಹೊತ್ತೊಯ್ಯುತ್ತವೆ. ಬಿಸಿ ಹೆಚ್ಚಿದಂತೆ ಪಟ್ಟಿಗಳು ಕ್ರಮೇಣ ಮಸುಕಾಗಿ ಕೊನೆಗೆ ಅಳಿಸಿಹೋಗುತ್ತವೆ. ಆ ಬೆಳಕನ್ನು ಯಾರೂ ಹಿಡಿಯಲಿಲ್ಲ, ಯಾರೂ ನೋಡಲಿಲ್ಲ. ಅದು ಉಪಕರಣದ ಗೋಡೆಗೆ ಬಡಿದು ಕಳೆದುಹೋಯಿತು, ಅಷ್ಟೆ. ವ್ಯತಿಕರಣವನ್ನು ಅಳಿಸಲು ಪರಿಸರದಲ್ಲಿ ಗುರುತು ಉಳಿದರೆ ಸಾಕು. ಗುರುತನ್ನು ಓದುವವರು ಬೇಕಿಲ್ಲ.

2022ರ ನೊಬೆಲ್ ಪ್ರಶಸ್ತಿ ಆಸ್ಪೆ, ಕ್ಲೌಸರ್, ತ್ಸೈಲಿಂಗರ್ ಅವರಿಗೆ ಬಂದಾಗ 'ವಾಸ್ತವವೇ ಇಲ್ಲ' ಎಂಬಂಥ ತಲೆಬರಹಗಳು ಬಂದವು. ಬೆಲ್ ಪರೀಕ್ಷೆಗಳು ತಳ್ಳಿಹಾಕಿದ್ದು ಸ್ಥಳೀಯ ವಾಸ್ತವವಾದ ಎಂಬ ಒಂದು ನಿರ್ದಿಷ್ಟ ಊಹೆಯನ್ನು. ಅದು ಚಿಕ್ಕ ಸಂಗತಿಯೇನಲ್ಲ. ಆದರೆ ಮನಸ್ಸಿಗೂ ಅದಕ್ಕೂ ಸಂಬಂಧವೇನು? 2016ರ ನವೆಂಬರ್ 30ರಂದು ಸುಮಾರು 1 ಲಕ್ಷ ಜನ ತಮ್ಮ ಇಚ್ಛೆಯಂತೆ ಒತ್ತಿದ ಸೊನ್ನೆ-ಒಂದುಗಳಿಂದ ಇಂಥ ಪ್ರಯೋಗಗಳ ಜೋಡಣೆಗಳನ್ನು ನಿರ್ಧರಿಸಲಾಯಿತು. 2017ರಲ್ಲಿ ಪ್ರಕಟವಾದ ಇನ್ನೊಂದು ಪ್ರಯೋಗದಲ್ಲಿ ಆ ಆಯ್ಕೆಯನ್ನು ಮಾಡಿದ್ದು ದೂರದ ನಕ್ಷತ್ರಗಳ ಬೆಳಕು. ಎರಡರಲ್ಲಿಯೂ ಬೆಲ್ ಅಸಮಾನತೆ ಮುರಿಯಿತು. ಆರಿಸುವವರು ಮನುಷ್ಯರೋ ನಕ್ಷತ್ರವೋ ಎಂಬುದರಿಂದ ನಿಸರ್ಗ ತನ್ನ ಉತ್ತರವನ್ನು ಬದಲಿಸಲಿಲ್ಲ.

ಹಾಗೆಂದು ಎಲ್ಲವೂ ತೀರ್ಮಾನವಾಗಿದೆ ಎಂದು ತಿಳಿಯಬಾರದು. ಅನೇಕ ಸಾಧ್ಯತೆಗಳಲ್ಲಿ ಒಂದೇ ಏಕೆ ಫಲಿತಾಂಶವಾಗಿ ಉಳಿಯುತ್ತದೆ ಎಂಬುದರ ಬಗ್ಗೆ ಭೌತವಿಜ್ಞಾನಿಗಳಲ್ಲಿ ಇಂದಿಗೂ ಒಮ್ಮತವಿಲ್ಲ. ಪರಿಸರದ ಪಾತ್ರದಿಂದ ವ್ಯತಿಕರಣ ಅಳಿಯುವುದು ವಿವರಣೆಗೆ ಸಿಗುತ್ತದೆ, ಈ ಆಯ್ಕೆ ಸಿಗುವುದಿಲ್ಲ. ಗ್ರಹಿಕೆಗೆ ಶಕ್ತಿಯಿದೆ ಎಂಬುದೂ ಸುಳ್ಳಲ್ಲ. ಬಣ್ಣವೆಂಬುದು ನಮ್ಮ ಕಣ್ಣಿನ ಮೂರು ಬಗೆಯ ಶಂಕುಕೋಶಗಳ ಕೊಡುಗೆ. ಜೇನುನೊಣಕ್ಕೆ ಅತಿನೇರಳೆಯೂ ಕಾಣುವುದರಿಂದ ಅದರ ಹೂದೋಟ ಬೇರೆಯೇ. ಆದರೆ ಎರಡೂ ಬಂದಿಳಿಯುವುದು ಅದೇ ಹೂವಿನ ಮೇಲೆ.

ಕನ್ನಡದಲ್ಲಿ ಬರೆಯುವ ನಮಗೆ ಇನ್ನೊಂದು ತೊಡಕಿದೆ. ಕ್ವಾಂಟಮ್ ಪಾಠದಲ್ಲಿ 'ದ್ರಷ್ಟಾರ', 'ಸಾಕ್ಷಿ' ಎಂದು ಬರೆದ ಕೂಡಲೇ ಆ ಪದಗಳು ತಮ್ಮ ಹಳೆಯ ಅರ್ಥವನ್ನು ಎಳೆದು ತರುತ್ತವೆ. 'ವೀಕ್ಷಕ' ಸ್ವಲ್ಪ ವಾಸಿ. ಹೈಸನ್‌ಬರ್ಗ್ ಅವರೇ ವೀಕ್ಷಕನ ಕೆಲಸ ದಾಖಲಿಸುವುದಷ್ಟೇ, ಅದನ್ನು ಉಪಕರಣವೂ ಮಾಡಬಹುದು ಎಂದು ಸ್ಪಷ್ಟಪಡಿಸಿದ್ದಾರೆ. ಜೋಡಿ ಸೀಳುಗಂಡಿಯ ಪಾಠದಲ್ಲಿ 'ನಾವು ನೋಡಿದಾಗ' ಎಂಬಲ್ಲೆಲ್ಲ 'ಪತ್ತೆಕಾರಕ ದಾಖಲಿಸಿದಾಗ' ಎಂದು ಹಾಕಿ ಒಮ್ಮೆ ಓದಿಸಿ. ವಾಕ್ಯ ತುಸು ಒರಟಾಗುತ್ತದೆ, ಭೌತವಿಜ್ಞಾನದಲ್ಲಿ ಏನೂ ಕಡಿಮೆಯಾಗುವುದಿಲ್ಲ.