ಆಪ್ತಸಮಾಲೋಚನೆಯ ಭಾಷೆ ಯಾರದು? – ಸಿದ್ದಿ ಸಮುದಾಯ ಮತ್ತು ನಮ್ಮ ಪಾಲನಾಸೇವೆ

2017ರ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆಯ 18ನೆಯ ಪ್ರಕರಣವು ಮಾನಸಿಕ ಆರೋಗ್ಯಸೇವೆಯನ್ನು ಪ್ರತಿಯೊಬ್ಬರ ಹಕ್ಕೆಂದು ಸಾರುತ್ತದೆ. ಆ ಸೇವೆಯು ಧರ್ಮ, ಸಂಸ್ಕೃತಿ, ಜಾತಿಗಳ ಭೇದವಿಲ್ಲದೆ, ರೋಗಿಗೂ ಅವನ ಕುಟುಂಬಕ್ಕೂ ಒಪ್ಪಿಗೆಯಾಗುವ ರೀತಿಯಲ್ಲಿ ದೊರೆಯಬೇಕೆಂದೂ ವಿಧಿಸುತ್ತದೆ. ಈ ಕೊನೆಯ ಮಾತನ್ನು ಬಂಗೂರನಗರದ ಸುತ್ತಲಿನ ಸಭೆಗಳಲ್ಲಿ ನಾವು ಎಷ್ಟರಮಟ್ಟಿಗೆ ಪಾಲಿಸಿದ್ದೇವೆ?

ಹಳಿಯಾಳ, ಮುಂಡಗೋಡ, ಜೋಯಿಡಾ, ಯಲ್ಲಾಪುರಗಳ ಸಿದ್ದಿಗಳು ಆಫ್ರಿಕಾ ಮೂಲದವರು. 2003ರಲ್ಲಿ ಪರಿಶಿಷ್ಟ ಪಂಗಡವೆಂದು ಮಾನ್ಯತೆ ಪಡೆದವರು. ಹಿಂದೂಗಳೂ ಮುಸಲ್ಮಾನರೂ ಕ್ರೈಸ್ತರೂ ಅವರಲ್ಲಿದ್ದಾರೆ. ಅವರ ಮನೆಮಾತು ಕೊಂಕಣಿ, ಮರಾಠಿಗಳು ಬೆರೆತದ್ದು. ನಮ್ಮ ಆಪ್ತಸಮಾಲೋಚನೆಯಾದರೋ ಮುಚ್ಚಿದ ಕೋಣೆಯಲ್ಲಿ, ಗ್ರಾಂಥಿಕ ಕನ್ನಡದಲ್ಲಿ ನಡೆಯುತ್ತದೆ. ಅಂಗಳದಲ್ಲಿ ಕೌದಿ ಹೊಲಿಯುತ್ತ ದುಃಖ ಹಂಚಿಕೊಳ್ಳಬಲ್ಲ ತಾಯಿ ಆ ಕೋಣೆಯಲ್ಲಿ ಮೌನವಾದರೆ, 'ಸಹಕರಿಸಲಿಲ್ಲ' ಎಂದು ಬರೆದುಕೊಳ್ಳುತ್ತೇವೆ. ಡಮಾಮಿಯ ಬಡಿತವನ್ನೂ ಹಿರಿಯರ ಸ್ಮರಣೆಯನ್ನೂ ವಿಚಾರಿಸದೆಯೇ ಮೂಢನಂಬಿಕೆಯ ಸಾಲಿಗೆ ಸೇರಿಸುತ್ತೇವೆ.

1953ರಲ್ಲಿ ಅಲ್ಜೀರಿಯಾದ ಬ್ಲಿಡಾ ಆಸ್ಪತ್ರೆಗೆ ಬಂದ ವೈದ್ಯ ಫ್ರಾನ್ಜ್ ಫ್ಯಾನನ್ ಇಂಥದೇ ತಪ್ಪನ್ನು ತಮ್ಮಲ್ಲಿ ಕಂಡುಕೊಂಡರು. ಯುರೋಪಿಯನ್ ಸ್ತ್ರೀಯರಲ್ಲಿ ಫಲಿಸಿದ ಸಾಮೂಹಿಕ ಚಿಕಿತ್ಸೆ ಮುಸ್ಲಿಂ ಪುರುಷರಲ್ಲಿ ಸೋತಿತು. ದೋಷ ರೋಗಿಗಳದಲ್ಲ, ವಿಧಾನದ್ದೆಂದು ಅರಿತ ಅವರು ಕಾಫಿಕೂಟ, ಹಬ್ಬ, ಕಥೆಗಾರರನ್ನು ಆಸ್ಪತ್ರೆಯೊಳಕ್ಕೆ ತಂದರು.

ಸಂಸ್ಕೃತಿಯ ಹೆಸರಿನಲ್ಲಿ ಔಷಧವನ್ನು ತಡೆಯಬಾರದೆಂಬ ಆಕ್ಷೇಪ ನ್ಯಾಯವಾದುದೇ. ಚಿತ್ತವಿಕಾರಕ್ಕೊಳಗಾದವನನ್ನು ಧಾರವಾಡದ ಡಿಮ್ಹಾನ್ಸ್‌ಗೆ ತಡಮಾಡದೆ ಕರೆದೊಯ್ಯುವುದು ಸಭಾಪಾಲಕರ ಕರ್ತವ್ಯ. ಪ್ರಾರ್ಥನೆ ಅದರ ಜೊತೆಗಿರಬೇಕು, ಅದಕ್ಕೆ ಬದಲಿಯಾಗಬಾರದು. ಹಿರಿಯರ ಪೂಜೆಯನ್ನು ಸಭೆ ಅಂಗೀಕರಿಸಬೇಕೆಂದೂ ನಾವು ವಾದಿಸುತ್ತಿಲ್ಲ. ಆಲಿಸುವುದು ಬೇರೆ, ಸಮ್ಮತಿಸುವುದು ಬೇರೆ. ಆದರೆ ಆಲಿಸದೆ ವಿವೇಚಿಸಲಾಗದು. ಉತ್ತ ಭೂಮಿಗೆ ಹಕ್ಕುಪತ್ರವಿಲ್ಲದವನ ಆತಂಕವನ್ನು, ಮೈಬಣ್ಣಕ್ಕಾಗಿ ಹೀಯಾಳಿಕೆಗೆ ಗುರಿಯಾದ ಬಾಲಕಿಯ ಗಾಯವನ್ನು ಕೇವಲ ಅವರವರ ಮನೋದೌರ್ಬಲ್ಯವೆಂದು ಬಗೆಯುವ ಸಮಾಲೋಚನೆ ಅನ್ಯಾಯದ ಪಕ್ಷವನ್ನೇ ವಹಿಸುತ್ತದೆ.

ಮಾರ್ಕನ ಸುವಾರ್ತೆಯ 5ನೆಯ ಅಧ್ಯಾಯದಲ್ಲಿ ಸಮಾಧಿಗಳ ನಡುವೆ ಅಲೆಯುತ್ತಿದ್ದವನನ್ನು ಊರವರು ಸರಪಣಿಯಿಂದ ಬಿಗಿದಿದ್ದರು. ಕ್ರಿಸ್ತನು ಅವನ ಹೆಸರನ್ನು ಕೇಳಿದನು. ಗುಣಹೊಂದಿದವನು ಜೊತೆಗೆ ಬರುವೆನೆಂದು ಬೇಡಿಕೊಂಡಾಗಲೂ ಅವನನ್ನು ಸ್ವಂತ ಮನೆಗೆ, ತನ್ನವರ ಬಳಿಗೇ ಕಳುಹಿಸಿದನು. ತನ್ನವರಿಂದ ಬೇರ್ಪಡಿಸುವ ಗುಣಪಡಿಸುವಿಕೆ ಅಲ್ಲಿಲ್ಲ. ಆದುದರಿಂದ ನಮ್ಮ ದೈವಶಾಸ್ತ್ರ ವಿದ್ಯಾರ್ಥಿಗಳು ಸಿದ್ದಿವಾಡೆಗಳಿಗೆ ಉಪದೇಶಕರಾಗಿ ಹೋಗುವ ಮುನ್ನ, ಅಲ್ಲಿಯ ಮಾತನ್ನು ಕಲಿಯುವ ಶಿಷ್ಯರಾಗಿ ಹೋಗಲಿ.