ಗರಿಯ ವಯಸ್ಸು, ಪಾಠದ ವಯಸ್ಸು

ಕಲಬುರಗಿಯ ಸಭೆಗಳಲ್ಲಿ ವಚನಗಳ ಮಾತು ಬಂದಾಗ ಎರಡು ಬಣ ಏಳುತ್ತವೆ. ಇವತ್ತು ಅಚ್ಚಿನಲ್ಲಿರುವ ಒಂದೊಂದು ಅಕ್ಷರವೂ ಕಲ್ಯಾಣದ ಶರಣರ ಬಾಯಿಂದಲೇ ಬಂದದ್ದು ಎನ್ನುವವರು ಒಂದು ಕಡೆ. 12ನೆಯ ಶತಮಾನದ ಒಂದಾದರೂ ಓಲೆಗರಿ ತೋರಿಸಿ ಎಂದು ಸವಾಲು ಹಾಕಿ, ತೋರಿಸಲಾಗದಿದ್ದರೆ ಇದೆಲ್ಲ ವಿಜಯನಗರದ ಕಾಲದವರು ಕಟ್ಟಿದ್ದು ಎಂದು ತೀರ್ಪು ಕೊಡುವವರು ಇನ್ನೊಂದು ಕಡೆ. ಆ ಸವಾಲಿನೆದುರು ಮೊದಲ ಬಣ ತಬ್ಬಿಬ್ಬಾಗುತ್ತದೆ. ಹಳೆಯ ಗರಿಯೇ ಸಾಚಾ ಎಂಬುದನ್ನು ಅವರೂ ಒಳಗೊಳಗೇ ಒಪ್ಪಿಕೊಂಡಿದ್ದಾರೆ. ಈ ಒಪ್ಪಿಗೆಯ ಮೇಲೆಯೇ ನನ್ನ ತಕರಾರು.

ಇಂಥದೇ ಸವಾಲನ್ನು ಬೈಬಲಿನ ಹಸ್ತಪ್ರತಿಗಳನ್ನು ಓದಿದವರು ಎಂದೋ ಎದುರಿಸಿದ್ದಾರೆ. ಹೊಸ ಒಡಂಬಡಿಕೆಯ ಒಂದು ಪುಸ್ತಕವೂ ಬರೆದವರ ಕೈಬರಹದಲ್ಲಿ ಉಳಿದಿಲ್ಲ. ಇರುವ ಗ್ರೀಕ್ ಪ್ರತಿಗಳು 5,000ಕ್ಕೂ ಹೆಚ್ಚು, ಬಹುಪಾಲು ಮಧ್ಯಯುಗದವು. ಅವುಗಳಲ್ಲಿ 1739 ಎಂಬ ಸಂಖ್ಯೆಯ ಒಂದು ಪ್ರತಿ ಆಥೋಸ್ ಬೆಟ್ಟದ ಮಹಾ ಲಾವ್ರಾ ಮಠದಲ್ಲಿದೆ. 10ನೆಯ ಶತಮಾನದಲ್ಲಿ ಎಫ್ರಾಯಿಮ್ ಎಂಬ ಸಂನ್ಯಾಸಿ ಬರೆದದ್ದು. ಹೊಸ ಒಡಂಬಡಿಕೆಯಲ್ಲಿರುವ ಪೌಲನ ಮೂಲ ಪತ್ರಗಳಿಗೂ ಇದಕ್ಕೂ ಒಂಬೈನೂರು ವರ್ಷಗಳ ಅಂತರ. ನಮ್ಮ ಸವಾಲಿಗರ ಲೆಕ್ಕದಲ್ಲಿ ಇದು ರದ್ದಿ. ಆದರೆ ಈಜಿಪ್ಟಿನಲ್ಲಿ ಸಿಕ್ಕ, ಸುಮಾರು ಕ್ರಿ.ಶ. 200ರ ಪಪೈರಸ್ ಪ್ರತಿಯೊಂದರ ಪಕ್ಕದಲ್ಲಿಟ್ಟು ನೋಡಿದಾಗ ಪೌಲನ ಪತ್ರಗಳಲ್ಲಿ ಎರಡರ ಪಾಠವೂ ಹತ್ತಿರದ ನೆಂಟರಂತೆ ಹೊಂದಿಕೊಂಡಿತು. ಎಫ್ರಾಯಿಮನ ಮುಂದಿದ್ದ ಮಾತೃಪ್ರತಿ ಬಹಳ ಹಳೆಯದಾಗಿತ್ತು, ಅವನು ಅದನ್ನು ನಿಷ್ಠೆಯಿಂದ ಇಳಿಸಿಕೊಂಡಿದ್ದ. ಈಚಿನ ಪ್ರತಿ ಎಂದ ಮಾತ್ರಕ್ಕೆ ಕೀಳು ಪ್ರತಿಯಲ್ಲ ಎಂದು ಇಟಲಿಯ ವಿದ್ವಾಂಸ ಜೋರ್ಜೊ ಪಾಸ್ಕ್ವಾಲಿ 1934ರಲ್ಲೇ ವಾದಿಸಿದ್ದರು.

ಹಾಗೆಂದು ಈಚಿನದ್ದೆಲ್ಲ ನಂಬಲರ್ಹವೂ ಅಲ್ಲ. ವ್ಯಭಿಚಾರದಲ್ಲಿ ಸಿಕ್ಕಿಬಿದ್ದ ಹೆಂಗಸಿನ ಪ್ರಸಂಗ ಯೋಹಾನನ ಸುವಾರ್ತೆಯಲ್ಲಿದೆ. 4ನೆಯ ಶತಮಾನದ ಸಿನಾಯ್ ಮತ್ತು ವ್ಯಾಟಿಕನ್ ಪ್ರತಿಗಳಲ್ಲಿ ಅದಿಲ್ಲ, ಕೆಲವು ಮಧ್ಯಯುಗದ ಪ್ರತಿಗಳಲ್ಲಂತೂ ಅದು ಲೂಕನ ಸುವಾರ್ತೆಗೆ ಹೋಗಿ ಕೂತಿದೆ. ಹೀಗೆ ಜಾಗ ಬದಲಿಸುತ್ತ ಅಲೆಯುವ ಭಾಗವನ್ನು ಸಂಪಾದಕ ಸಂಶಯದಿಂದಲೇ ನೋಡುತ್ತಾನೆ. ನಮ್ಮಲ್ಲೂ ಒಂದೇ ವಚನ ಒಂದು ಓಲೆಕಟ್ಟಿನಲ್ಲಿ ಒಬ್ಬರ ಅಂಕಿತದಲ್ಲಿ, ಮತ್ತೊಂದರಲ್ಲಿ ಇನ್ನೊಬ್ಬರ ಅಂಕಿತದಲ್ಲಿ ಸಿಗುವುದುಂಟು. ಅಂಥ ವಚನಕ್ಕೂ, ಎಲ್ಲ ಕಟ್ಟುಗಳಲ್ಲೂ ಒಬ್ಬರದೇ ಆಗಿ ನಿಂತ ವಚನಕ್ಕೂ ಒಂದೇ ತಕ್ಕಡಿ ಹಿಡಿಯುವುದು ಅನ್ಯಾಯ.

ಓಲೆಗರಿ ನಮ್ಮ ಹವೆಯಲ್ಲಿ ಕೆಲವು ನೂರು ವರ್ಷ ಬಾಳಿದರೆ ಹೆಚ್ಚು. ಹುಳ ಹಿಡಿಯುತ್ತದೆ, ಅಂಚು ಮುರಿಯುತ್ತದೆ, ಆಗ ಯಾರೋ ಕಂಟ ಹಿಡಿದು ಹೊಸ ಗರಿಗೆ ಇಳಿಸುತ್ತಾರೆ. ಹಳೆಯ ಕಟ್ಟು ಹೊಳೆಗೆ ಹೋಗುತ್ತದೆ. ಆದ್ದರಿಂದಲೇ ಉಳಿದಿರುವ ವಚನದ ಗರಿಗಳು ಬಹುಮಟ್ಟಿಗೆ 15ನೆಯ ಶತಮಾನದಿಂದ ಈಚಿನವು. ವಿಜಯನಗರದ ಪ್ರೌಢದೇವರಾಯನ ಕಾಲದಲ್ಲಿ ವಚನಗಳನ್ನು ಸೇರಿಸಿ, ವಿಂಗಡಿಸಿ, ಸಂವಾದಕ್ಕೆ ಹೆಣೆದದ್ದು ನಿಜ. ಶಿವಗಣಪ್ರಸಾದಿ ಮಹಾದೇವಯ್ಯನ ‘ಶೂನ್ಯಸಂಪಾದನೆ’ಯ ನಂತರ ಅದೇ ಕೃತಿಯನ್ನು ಮತ್ತೆ ಮೂವರು ಪರಿಷ್ಕರಿಸಿದರು. ಸಂವಾದದ ಹೆಣಿಗೆ ಅವರದು. ಹೆಣೆಯಲು ಎಳೆಗಳು ಮೊದಲೇ ಇರಬೇಕಲ್ಲವೇ?

ಈಚಿನ ಪ್ರತಿಗಳ ಬಲ ಏನೆಂದು ಮಾತೆ ಮಹಾದೇವಿಯವರ ‘ಬಸವ ವಚನ ದೀಪ್ತಿ’ ಪ್ರಕರಣದಲ್ಲಿ ನಾವೇ ಕಂಡಿದ್ದೇವೆ. ಅದರಲ್ಲಿ ‘ಕೂಡಲಸಂಗಮದೇವ’ ಅಂಕಿತದ ಜಾಗಕ್ಕೆ ‘ಲಿಂಗದೇವ’ ಬಂತು. 1998ರಲ್ಲಿ ಸರ್ಕಾರ ಪುಸ್ತಕವನ್ನು ಮುಟ್ಟುಗೋಲು ಹಾಕಿತು, 2017ರಲ್ಲಿ ಸುಪ್ರೀಂ ಕೋರ್ಟ್ ಆ ಕ್ರಮವನ್ನು ಎತ್ತಿಹಿಡಿಯಿತು. ಪುಸ್ತಕ ನಿಷೇಧಿಸುವುದು ಸರಿಯೇ ಎಂಬ ಪ್ರಶ್ನೆ ಬೇರೆ. ಅಂಕಿತ ಬದಲಾಗಿದೆ ಎಂದು ಅಷ್ಟು ಖಚಿತವಾಗಿ ಹೇಳಲು ನಮಗೆ ಆಧಾರವಾದದ್ದು ಬೇರೆ ಬೇರೆ ಮಠ, ಮನೆಗಳಲ್ಲಿ ಒಂದಕ್ಕೊಂದು ಸಂಬಂಧವಿಲ್ಲದೆ ನಕಲಾದ ಪ್ರತಿಗಳು. ಫ.ಗು. ಹಳಕಟ್ಟಿಯವರು ಊರೂರು ಅಲೆದು ಕೂಡಿಸಿ, 1923ರಲ್ಲಿ ‘ವಚನಶಾಸ್ತ್ರಸಾರ’ವಾಗಿ ಅಚ್ಚಿಗೆ ತಂದದ್ದು ಇಂಥವುಗಳಿಂದಲೇ. ಆ ವಿವಾದದಲ್ಲಿ ಸಾಕ್ಷಿಯಾದ ಗರಿಗಳು ಮರುದಿನ ‘ತೀರ ಈಚಿನವು’ ಎಂದು ತಳ್ಳಿಹೋಗುವುದು ಯಾವ ನ್ಯಾಯ?

ಪ್ರತಿಗಳನ್ನು ಹೋಲಿಸಿ ನೋಡುವ ಈ ವಿಧಾನ ನಮಗೆ ಬೇಕಾದ ಉತ್ತರವನ್ನೇ ಕೊಡುತ್ತದೆಂಬ ಭರವಸೆ ಇಲ್ಲ. ಕಲಬುರಗಿಯಲ್ಲೇ ಅದಕ್ಕೆ ಉದಾಹರಣೆಯಿದೆ. ‘ಮೇರಾಜುಲ್ ಆಶಿಕೀನ್’ ಎಂಬ ದಖನಿ ಗದ್ಯಕೃತಿಯನ್ನು 1422ರಲ್ಲಿ ತೀರಿಕೊಂಡ ಇಲ್ಲಿನ ಸೂಫಿ ಖ್ವಾಜಾ ಬಂದೇ ನವಾಜರದೆಂದೇ ಮೌಲ್ವಿ ಅಬ್ದುಲ್ ಹಕ್ ಪ್ರಕಟಿಸಿದರು; ದಖನಿಯ ಮೊದಲ ಗದ್ಯ ಎಂಬ ಹೆಸರೂ ಅದಕ್ಕೆ ಬಂತು. ಮುಂದೆ ಹಫೀಜ್ ಕತೀಲ್ ಪ್ರತಿಗಳನ್ನು ಹೋಲಿಸಿ, ಅದು ಬಹಳ ಈಚಿನ ಬಿಜಾಪುರದ ಸೂಫಿ ಮಖ್ದೂಮ್ ಶಾಹ ಹುಸೇನಿಯವರದು ಎಂದು ವಾದಿಸಿದರು. ನಮ್ಮ ಊರಿನ ಹೆಮ್ಮೆಗೆ ಪೆಟ್ಟು ಬಿತ್ತು. ಆದರೂ ಕತೀಲರ ದಾರಿಯೇ ಸರಿ ಎನ್ನುತ್ತೇನೆ. ವಚನಗಳ ವಿಷಯದಲ್ಲಿ ಬೇಕೆನ್ನುವ ಪರೀಕ್ಷೆಯನ್ನು ಬಂದೇ ನವಾಜರ ವಿಷಯದಲ್ಲಿ ಬೇಡವೆನ್ನಲು ಬರುವುದಿಲ್ಲ.

ಕಲಬುರಗಿಯಿಂದ ಹುಮನಾಬಾದಿನ ಹಾದಿ ಹಿಡಿದರೆ ಕಮಲಾಪುರ ಸಿಗುತ್ತದೆ, ಇನ್ನೂ ಮುಂದೆ ಹೋದರೆ ಬಸವಕಲ್ಯಾಣ. ಈ ಸೀಮೆಯ ಯಾವುದೋ ಮನೆಯ ದೇವರ ಜಗುಲಿಯ ಮೇಲೆ ಕೆಂಪು ವಸ್ತ್ರ ಸುತ್ತಿದ ಕಟ್ಟೊಂದಿದ್ದರೆ, ವಿದ್ವಾಂಸರು ಅದರ ಲಿಪಿ ನೋಡಿ ‘18ನೆಯ ಶತಮಾನದ್ದು’ ಎಂದು ಕೈಬಿಟ್ಟು ಬರಬಾರದು. ಒಳಗಿನ ಪಾಠ ಅಚ್ಚಿನ ಪಾಠಕ್ಕೆ ಎಲ್ಲೆಲ್ಲಿ ಹೊಂದುವುದಿಲ್ಲವೋ ಅದನ್ನು ಸಾಲು ಸಾಲಾಗಿ ಗುರುತಿಸಬೇಕು. ಹೊಸ ತಾಲ್ಲೂಕಾದ ಕಮಲಾಪುರದ ಹಳ್ಳಿಗಳಿಗೆ ಕಲಬುರಗಿಯ ವಿಶ್ವವಿದ್ಯಾಲಯದ ಕನ್ನಡ ವಿದ್ಯಾರ್ಥಿಗಳು ಕ್ಯಾಮೆರಾ ಹಿಡಿದು ಹೋಗಲಿ. ಪೂಜೆಗಿಟ್ಟ ಕಟ್ಟನ್ನು ಕೇಳಿ ಒಯ್ಯಬೇಕಾಗಿಲ್ಲ. ಮನೆಯವರ ಎದುರಲ್ಲೇ ಬಿಚ್ಚಿ, ಎರಡೂ ಮಗ್ಗುಲು ಚಿತ್ರ ತೆಗೆದು, ಅಲ್ಲೇ ಕಟ್ಟಿ ಕೊಟ್ಟು ಬಂದರೆ ಸಾಕು.