ಪೆಟ್ಟಿಗೆಯೊಳಗೆ ಆರು ಗಂಟೆ

ಕಾಲಯಂತ್ರದ ಸಿನಿಮಾ ಮುಗಿದು ದೀಪ ಹತ್ತಿದ ಕೂಡಲೇ ಕೆಲವರು ಫೋನ್ ತೆಗೆದು ‘ಕ್ಲೈಮ್ಯಾಕ್ಸ್ ಅರ್ಥವೇನು’ ಎಂದು ಹುಡುಕತೊಡಗುತ್ತಾರೆ. ಯಾರೋ ವಿವರಿಸಿದ ವಿಡಿಯೊ ನೋಡಿ, ‘ಓ, ಇಷ್ಟೇನಾ’ ಎಂದು ಎದ್ದು ಹೋಗುತ್ತಾರೆ. ಅವರಿಗೆ ಈ ಕೈಪಿಡಿ ಬೇಡ. ತಾತನನ್ನು ಕೊಂದರೆ ಮೊಮ್ಮಗ ಹುಟ್ಟುವುದು ಹೇಗೆ ಎಂಬ ಸವಕಲು ಒಗಟನ್ನೂ ನಾನಿಲ್ಲಿ ಬಿಡಿಸುವುದಿಲ್ಲ.

ಯಂತ್ರ ಎಲ್ಲಿಗೆ ಒಯ್ಯುತ್ತದೆ ಎನ್ನುವುದನ್ನು ಬಿಟ್ಟು, ಹತ್ತಿದವನಿಂದ ಏನು ವಸೂಲಿ ಮಾಡುತ್ತದೆ ಎಂದು ನೋಡಿ. ‘ಬ್ಯಾಕ್ ಟು ದ ಫ್ಯೂಚರ್’ ಕಾರು ಗಂಟೆಗೆ 88 ಮೈಲಿ ಮುಟ್ಟಿದರೆ ಸಾಕು, 1985ರಿಂದ 1955. ಪ್ಲುಟೋನಿಯಂ ಬೇಕು, ಒಪ್ಪಿದೆ. ಆದರೆ ಕೂತವನ ಕೂದಲೂ ಕೊಂಕುವುದಿಲ್ಲ. ಸಿಂಗೀತಂ ಶ್ರೀನಿವಾಸರಾವ್ 1991ರಲ್ಲಿ ತೆಗೆದ ತೆಲುಗಿನ ‘ಆದಿತ್ಯ 369’ರಲ್ಲೂ ಅದೇ ಕಥೆ. ಯಂತ್ರ ನೇರ ಕೃಷ್ಣದೇವರಾಯನ ವಿಜಯನಗರಕ್ಕೇ ಇಳಿಯುವುದರಿಂದ ನಮ್ಮವರಿಗೆ ಅದರ ಮೇಲೆ ವಿಶೇಷ ಪ್ರೀತಿ. ನನಗೂ ಇದೆ, ಆದರೆ ಅದು ರಾಯರ ಆಸ್ಥಾನದ ಮೇಲಿನದು.

ನನ್ನ ಕಣ್ಣು ತೆರೆಸಿದ್ದು ಕಾಲೇಜಿನ ದಿನಗಳಲ್ಲಿ ಓದಿದ ಎಚ್.ಜಿ. ವೆಲ್ಸ್. 1895ರ ‘ದಿ ಟೈಮ್ ಮಷೀನ್’ ಎಂದರೆ ಎಲ್ಲರೂ ಅದರಲ್ಲಿನ ಭವಿಷ್ಯದ ಜನಾಂಗಗಳಾದ ಎಲಾಯ್, ಮಾರ್ಲಾಕ್ ಎನ್ನುತ್ತಾರೆ. ನಾನು ಬೆರಗಾದದ್ದು ಬೇರೆಯದಕ್ಕೆ. ಪ್ರಯೋಗಶಾಲೆಯ ಆಗ್ನೇಯ ಮೂಲೆಯಿಂದ ಹೊರಟ ಯಂತ್ರ ಹಿಂದಿರುಗಿದಾಗ ವಾಯವ್ಯದ ಗೋಡೆಗೆ ಒರಗಿ ನಿಂತಿರುತ್ತದೆ. ಯಾಕೆ? ಎಂಟು ಲಕ್ಷ ವರ್ಷಗಳಾಚೆ ಮಾರ್ಲಾಕ್‌ಗಳು ಅದನ್ನು ಹುಲ್ಲುಹಾಸಿನಿಂದ ಬಿಳಿ ಸ್ಫಿಂಕ್ಸ್‌ನ ವಿಗ್ರಹದ ಪೀಠದವರೆಗೆ ಎಳೆದೊಯ್ದಿದ್ದರಲ್ಲ, ಅಷ್ಟೇ ದೂರ! ಆ ಪುಟ ಓದಿ ಪುಸ್ತಕ ಮುಚ್ಚಿ ಸುಮ್ಮನೆ ಕೂತಿದ್ದೆ. ಲೆಕ್ಕ ತಪ್ಪದ ಕಲ್ಪನೆ ಎಂದರೆ ಇದು.

ಈ ಲೆಕ್ಕವನ್ನು ಕೊನೆಯವರೆಗೆ ಹಿಡಿದುಕೊಂಡು ಹೋದ ಸಿನಿಮಾ ನನಗೆ ಕಂಡ ಮಟ್ಟಿಗೆ ಒಂದೇ: 2004ರ ‘ಪ್ರೈಮರ್’. ಗಣಿತ ಓದಿ, ಎಂಜಿನಿಯರ್ ಆಗಿದ್ದ ಶೇನ್ ಕರುತ್ ಸುಮಾರು 7,000 ಡಾಲರಿನಲ್ಲಿ ತೆಗೆದದ್ದು. ಬರವಣಿಗೆ, ನಿರ್ದೇಶನ, ನಟನೆ, ಸಂಕಲನ, ಸಂಗೀತ ಎಲ್ಲ ಅವನದೇ. ಸನ್‌ಡ್ಯಾನ್ಸ್ ಉತ್ಸವದ ದೊಡ್ಡ ಪ್ರಶಸ್ತಿಯೂ ಬಂತು. ಇಬ್ಬರು ಗೆಳೆಯರು ಗ್ಯಾರೇಜಿನಲ್ಲಿ ಕೂತು ವಸ್ತುವಿನ ತೂಕ ಇಳಿಸುವ ಪೆಟ್ಟಿಗೆ ಕಟ್ಟುತ್ತಾರೆ. ಅವರ ಗುರಿ ಗುರುತ್ವ ಮಾತ್ರ, ಕಾಲದ ಉಸಾಬರಿಯೇ ಇಲ್ಲ. ಒಂದು ದಿನ ಪೆಟ್ಟಿಗೆಯೊಳಗೆ ಬೂಷ್ಟು ಕಾಣಿಸುತ್ತದೆ. ವರ್ಷಗಟ್ಟಲೆ ಹಿಡಿಯಬೇಕಾದ ಬೂಷ್ಟು ಕೆಲವೇ ದಿನಗಳಲ್ಲಿ! ಗುರುತ್ವಕ್ಕೆ ಕೈ ಹಾಕಿದರೆ ಕಾಲವೂ ಅಲುಗುತ್ತದೆ ಎನ್ನುವುದು ಐನ್‌ಸ್ಟೈನ್ 1915ರಲ್ಲೇ ತೋರಿಸಿದ್ದು. ಜಿಪಿಎಸ್ ಉಪಗ್ರಹದ ಗಡಿಯಾರ ಇವತ್ತಿಗೂ ದಿನಕ್ಕೆ ಸುಮಾರು 38 ಮೈಕ್ರೊಸೆಕೆಂಡ್ ಮುಂದೆ ಓಡುತ್ತದೆ, ಅದನ್ನು ತಿದ್ದಬೇಕು. ಕರುತ್ ಈ ಪಾಠವನ್ನು ಬೂಷ್ಟಿನ ಕೈಲಿ ಹೇಳಿಸಿದ.

ಹೀಗೆ ಆ ಪೆಟ್ಟಿಗೆಯೇ ಅವರ ಕಾಲಯಂತ್ರವಾಗುತ್ತದೆ. ಇನ್ನು ಅದರ ವಸೂಲಿಯ ವಿಚಾರ. ಬೆಳಿಗ್ಗೆ ಪೆಟ್ಟಿಗೆ ಚಾಲೂ ಮಾಡಬೇಕು. ಅದಕ್ಕಿಂತ ಹಿಂದಿನ ಗಳಿಗೆಗೆ ಹೋಗಲಾಗದು. ಆಮೇಲೆ ತಮ್ಮ ಜಾಡು ತಮಗೇ ಎದುರಾಗದಂತೆ ಹಗಲೆಲ್ಲ ಹೋಟೆಲ್ ಕೋಣೆಯಲ್ಲಿ ಪರದೆ ಎಳೆದುಕೊಂಡಿರಬೇಕು. ಸಂಜೆ ಒಳಗೆ ಹೊಕ್ಕು, ಆರು ಗಂಟೆ ಹಿಂದಕ್ಕೆ ಹೋಗಲು ಆರು ಗಂಟೆಯೂ ಆ ಕತ್ತಲಲ್ಲಿ ಆಮ್ಲಜನಕದ ಸಿಲಿಂಡರ್ ಇಟ್ಟುಕೊಂಡು ಮಲಗಬೇಕು. ರಿಯಾಯಿತಿ ಇಲ್ಲ. ಆ ದಿನದ ಬೆಲೆ ಮೊದಲೇ ಗೊತ್ತಿರುವುದರಿಂದ ಷೇರುಪೇಟೆಯಲ್ಲಿ ದುಡ್ಡು ಬರುತ್ತದೆ ನಿಜ. ಬರಬರುತ್ತ ಕಿವಿಯಿಂದ ರಕ್ತವೂ ಬರುತ್ತದೆ, ಅಕ್ಷರ ಬರೆಯಲು ಕೈ ಕೇಳುವುದಿಲ್ಲ. ನನ್ನ ಗೆಳೆಯರ ಗುಂಪಿಗೆ ಈ ಸಿನಿಮಾ ತೋರಿಸಿದಾಗ ಅರ್ಧದಷ್ಟು ಜನ ನಡುವೆಯೇ ಎದ್ದರು. ‘ಗ್ಯಾರೇಜ್ ಬಿಟ್ಟು ಏನೂ ಇಲ್ಲವಲ್ಲ’ ಎಂದರು ಒಬ್ಬರು. ಮುಂದಿನ ಸಲ ಅವರನ್ನು ಕರೆಯಲಿಲ್ಲ.

‘ಇಂಟರ್‌ಸ್ಟೆಲರ್’ ಬಗ್ಗೆಯೂ ಕೇಳುತ್ತೀರಿ, ಗೊತ್ತು. ಕಪ್ಪುಕುಳಿಯ ಚಿತ್ರಣಕ್ಕೆ ಬಾಯಿ ಬಿಡುವುದು ಬೇಡ. ನೀರಿನ ಗ್ರಹದಲ್ಲಿ ಒಂದು ಗಂಟೆಗೆ ಭೂಮಿಯ ಏಳು ವರ್ಷ. ಇಳಿದವರು ಮರಳುವಾಗ ನೌಕೆಯಲ್ಲಿ ಕಾದಿದ್ದ ರೋಮಿಲಿಯ ಗಡ್ಡ ನರೆತಿದೆ, 23 ವರ್ಷ ಕಳೆದಿವೆ. ನೋಡಬೇಕಾದ್ದು ಆ ಮುಖ. ಕೊನೆಗೆ ಪುಸ್ತಕದ ಕಪಾಟಿನ ಭಾಗ ಬರುವಾಗ ಕಾಫಿಗೆ ಹೋಗಬಹುದು. 

‘ಪ್ರೈಮರ್’ ಹಾಕುವಾಗ ಸಬ್‌ಟೈಟಲ್ ಇರಲಿ, ಅದರ ಪಾತ್ರಗಳು ಗೊಣಗುತ್ತವೆ. ಅಂತರ್ಜಾಲದಲ್ಲಿ ಸಿಗುವ, ಅದರ ಘಟನಾವಳಿ ಬಿಡಿಸುವ ನಕ್ಷೆಗಳನ್ನು ಮುಟ್ಟಬೇಡಿ. ಎರಡನೇ ಸಲ ನೋಡುವಾಗ, ಒಬ್ಬನೇ ಮನುಷ್ಯ ಊರಲ್ಲಿ ಇಬ್ಬರಾಗಿರುವ ಹೊತ್ತಿಗೆ ಜೇಬಿನ ಮೊಬೈಲ್ ರಿಂಗಾಗುವ ದೃಶ್ಯವನ್ನು ಕಾದು ನೋಡಿ. ಅದೇ ಫೋನ್ ಹೋಟೆಲ್ ಕೋಣೆಯಲ್ಲಿರುವ ಅವನ ಬಳಿಯೂ ಇದೆ. ಎರಡರಲ್ಲಿ ಯಾವುದು ರಿಂಗಾಗಬೇಕು? ಗೆಳೆಯರಿಬ್ಬರೂ ಎಂಜಿನಿಯರುಗಳು, ನೆಟ್‌ವರ್ಕ್ ಹೇಗೆ ಹುಡುಕುತ್ತದೆ ಎಂದು ಅಲ್ಲೇ ನಿಂತು ಚರ್ಚೆಗಿಳಿಯುತ್ತಾರೆ.